ವಳಕಮದಿನ್ನಿಗೇ ತಿರುಗಿ ಬಂದ ಗೀಟು

ನಮ್ಮ ಶಾಲೆಯಲ್ಲಿ ವಿಜ್ಞಾನ ಕಲಿಸುತ್ತಿದ್ದ ಅಕ್ಕೋರಿಗೆ ಒಂದು ನಿಯಮವಿತ್ತು. ಹತ್ತನೇ ತರಗತಿಯಲ್ಲಿ ಅನುವಂಶೀಯತೆಯ ಪಾಠ ಬಂದಾಗ ಮಕ್ಕಳು ಬಟಾಣಿ ಗಿಡದ ಆಚೆಗೆ ಹೋಗುವಂತಿರಲಿಲ್ಲ. ಎತ್ತರದ ಗಿಡ, ಗಿಡ್ಡ ಗಿಡ, ದುಂಡು ಕಾಳು, ಸುಕ್ಕು ಕಾಳು, ಅಷ್ಟೇ. ಒಂದು ದಿನ ನಾನು ಪಕ್ಕದ ಕೋಣೆಯಲ್ಲಿ ಗಣಿತ ಕಲಿಸುತ್ತಿದ್ದಾಗ ಹುಡುಗಿಯೊಬ್ಬಳು ಅವರನ್ನು ಕೇಳಿದ್ದು ಗೋಡೆಯಾಚೆಯಿಂದ ಕೇಳಿಸಿತು.

"ಅಕ್ಕೋರ್ರೀ, ನನ್ನ ಮೂಗು ನಮ್ಮಜ್ಜಿ ಮೂಗಿನಂಗ ಐತ್ರಿ. ಅದೂ ಹಿಂಗ ಏನ್ರಿ?"

"ನಿಮ್ಮಜ್ಜಿ ಮೂಗು ಪರೀಕ್ಷಾದಾಗ ಬರಂಗಿಲ್ಲವಾ. ಬಟಾಣಿ ಬರತೈತಿ. ಅದನ್ನ ಬರಿ. ಮನಿ ಸುದ್ದಿ ಮನ್ಯಾಗ."

ಎರಡೂ ಕೋಣೆಯ ಮಕ್ಕಳು ನಕ್ಕರು. ನಾನೂ ನಕ್ಕೆ.

ಅವರು ತೀರಿಕೊಂಡು ವರ್ಷ ದಾಟಿತು. ಶಾಲೆಯ ಸಂತಾಪ ಸಭೆಯಲ್ಲಿ ಎಲ್ಲರೂ ಅವರ ಶಿಸ್ತನ್ನು ಹೊಗಳಿದರು. ಹೊರಗೆ ಬಂದ ಮೇಲೆ, "ಒಳ್ಳೇವ್ರು ಖರೆ, ಆದರ ಗರ್ವ ಭಾಳ ಇತ್ತು. ಸ್ವಂತ ತಮ್ಮನ್ನ ದೂರ ಮಾಡಿದ್ರು" ಎಂದವರೂ ಇದ್ದರು. ಆ ಗರ್ವದ ಬಗ್ಗೆ ನನಗೆ ಗೊತ್ತಿರುವುದನ್ನು ಇಲ್ಲಿ ಬರೆಯುತ್ತಿದ್ದೇನೆ. ಅವರ ಹೆಸರನ್ನು ಬರೆಯುವುದಿಲ್ಲ. ಆ ಮನೆಯ ಹೆಣ್ಣುಮಕ್ಕಳು ಇನ್ನೂ ಇದೇ ಊರುಗಳಲ್ಲಿ ಬಾಳಬೇಕು.

ನಾಲ್ಕು ವರ್ಷದ ಹಿಂದೆ ಜೂನ್ ಮೊದಲ ವಾರ ನಾನು ಪಾಮನಕಲ್ಲೂರಿನ ಶಾಲೆಗೆ ಸೇರಿದೆ. ನಾವಿಬ್ಬರೂ ಸಿಂಧನೂರಿನವರು. ಸಿಂಧನೂರಿನಿಂದ ಮಸ್ಕಿಗೆ ಬಸ್ಸು, ಅಲ್ಲಿಂದ ಟಂಟಂ ಆಟೊ. ಅವರು ಒಂದು ಸ್ಟಾಪ್ ಮುಂಚೆಯೇ ಹತ್ತುತ್ತಿದ್ದರು. ಪಕ್ಕದ ಸೀಟಿನ ಮೇಲೆ ಕರ್ಚೀಫು ಹಾಸಿ, ಯಾರೇ ಬಂದರೂ "ನಮ್ಮ ಸಣ್ಣಕ್ಕೋರು ಬರ್ತಾರ್ರಿ" ಎಂದು ಗದರಿಸಿ ಕಳಿಸುತ್ತಿದ್ದರು. ನಾನು ದಿನಚರಿ ಬರೆಯುತ್ತೇನೆ ಎಂದು ಗೊತ್ತಾದ ಮೇಲೆ ಅವರಿಗೆ ಒಂದು ಆಟ ಸಿಕ್ಕಂತಾಯಿತು.

"ಬಸ್ಸು ಎಷ್ಟಕ್ಕ ಬಂತು ಅನ್ನೋದನ್ನೂ ಬರಿತೀಯಂತಲ್ಲ ಬೇ? ಡಿಪೋದವರು ನಿನಗೇನು ಪಗಾರ ಕೊಡ್ತಾರೇನು?"

"ಸುಮ್ನ ರೂಢಿ ಆಗೈತ್ರಿ ಅಕ್ಕೋರ."

"ಬರಿ, ಬರಿ. ನಾ ಸತ್ತ ದಿನ ಬಸ್ಸು ಲೇಟಾಗಿತ್ತು ಅಂತ ಬರಿ."

ಬಸ್ಸು ಗೊರೇಬಾಳದಲ್ಲಿ ನಿಂತಾಗ ಅವರ ತಮ್ಮ ರಸ್ತೆ ಬದಿಯಲ್ಲಿ ಬೈಕ್ ನಿಲ್ಲಿಸಿಕೊಂಡು ಕಾಯುತ್ತಿರುತ್ತಿದ್ದ. ಕಾಲುವೆ ನೀರಿನ ಹೊಲದಿಂದ ನೇರ ಬಂದಿರುತ್ತಿದ್ದ. ಮೊಣಕಾಲಿನವರೆಗೆ ಕೆಸರು, ಕೈಯಲ್ಲಿ ಒಂದು ಚೀಲ. ಅದರಲ್ಲಿ ಬದನೆಕಾಯಿ, ಮೆಂತೆಸೊಪ್ಪು, ಕೆಲವೊಮ್ಮೆ ಬರೇ ಒಂದು ಹಿಡಿ ಹಸಿ ಕಡಲೆ. ಕಿಟಕಿಯಿಂದ ಕೊಟ್ಟು, "ಅಕ್ಕಾ, ಮಾವಗ ಕೇಳೀನಂತ ಹೇಳು" ಎನ್ನುತ್ತಿದ್ದ. ಅಷ್ಟೇ ಮಾತು. ತಾಯಿ ಸತ್ತಾಗ ಅವನಿಗೆ ಐದು ವರ್ಷ, ಇವರಿಗೆ ಹತ್ತೊಂಬತ್ತು. ಅವನನ್ನು ಸಾಕಿದವರು ಇವರೇ. ಇವರ ಒಬ್ಬಳೇ ಮಗಳನ್ನು ಅವನಿಗೆ ಕೊಡುವುದೆಂದು ಆಕೆ ತೊಟ್ಟಿಲಲ್ಲಿದ್ದಾಗಲೇ ಮಾತಾಗಿತ್ತು. ಹುಡುಗಿಯ ಓದು ಮುಗಿಯಲಿ ಎಂದು ಅವನು ಕಾಯುತ್ತಿದ್ದ.

ಆ ವರ್ಷ ಆಗಸ್ಟ್‌ನಲ್ಲಿ ಊರಿನ ಆರೋಗ್ಯ ಕೇಂದ್ರದಲ್ಲಿ ಮೂವತ್ತು ದಾಟಿದ ಹೆಣ್ಣುಮಕ್ಕಳಿಗೆಲ್ಲ ತಪಾಸಣೆ ನಡೆಯಿತು. ಬಿಪಿ, ಶುಗರ್, ಬಾಯಿ, ಎದೆ. ನನಗೆ ಇನ್ನೂ ಮೂವತ್ತಾಗಿರಲಿಲ್ಲ. ಎಲ್ಲರ ಚೀಲ ಕಾಯುತ್ತ ಬೆಂಚಿನ ಮೇಲೆ ಕೂತಿದ್ದೆ. ನರ್ಸ್ ಬಾಗಿಲಲ್ಲೇ ಕೂತು ಕೇಳಿ ಬರೆದುಕೊಳ್ಳುತ್ತಿದ್ದಳು.

"ನಿಮ್ಮವ್ವಗ, ಅಕ್ಕತಂಗೇರಿಗೆ ಎದ್ಯಾಗ ಗಡ್ಡಿ ಏನರ ಆಗಿತ್ತೇನ್ರಿ?"

"ಇಲ್ಲ."

"ಅಜ್ಜಿಗೆ?"

"ಇಲ್ಲಂದ್ನೆಲ್ಲವಾ."

ಅವರ ಹಿಂದೆ ನಿಂತಿದ್ದ ಹಿಂದಿ ಅಕ್ಕೋರು ನೆನಪಿಸಿದರು. "ನಿಮ್ಮತ್ತಿಗೆ ಆಗಿತ್ತಲ್ರಿ? ಆಪರೇಷನ್ ಮಾಡಿ ತಗದಿದ್ರಲ್ಲ?"

ನರ್ಸ್ ನಕ್ಕಳು. "ಅತ್ತಿದು ಲೆಕ್ಕಕ್ಕ ಬರಂಗಿಲ್ರಿ. ಅಕಿ ಗಂಡನ್ನ ಹಡದಾಕಿ. ರಕ್ತ ಬ್ಯಾರೆ."

"ಹೌದು. ರಕ್ತ ಬ್ಯಾರೆ" ಎಂದರು ಅಕ್ಕೋರು.

ಒಳಗೆ ಡಾಕ್ಟರು ಕೈಯಿಂದ ಪರೀಕ್ಷಿಸಿ ಏನೂ ಇಲ್ಲ ಎಂದರು. ಐದು ವರ್ಷಕ್ಕೆ ಮತ್ತೆ ಬನ್ನಿ, ನಡುವೆ ಗಂಟು ಸಿಕ್ಕರೆ, ಚರ್ಮ ಸೆಳೆದುಕೊಂಡರೆ, ಮೊಲೆತೊಟ್ಟಿನಿಂದ ಏನಾದರೂ ಒಸರಿದರೆ ಆ ದಿನವೇ ಬನ್ನಿ ಎಂದು ಎಲ್ಲರಿಗೂ ಹೇಳಿದಂತೆ ಅವರಿಗೂ ಹೇಳಿದರು. ಅವರು ಸ್ಟಾಫ್ ರೂಮಿಗೆ ಬಂದು, "ಐದು ವರ್ಷ ಬೇಫಿಕರ್" ಎಂದು ಕುರ್ಚಿಯಲ್ಲಿ ಜೋರಾಗಿ ಕೂತರು.

ಸಂಜೆ ಮನೆಗೆ ಹೊರಟೆವು. ಬಸ್ಸು ಮಸ್ಕಿ ಬಿಟ್ಟ ಮೇಲೆ ನನ್ನ ಕಡೆ ನೋಡದೆ ಕೇಳಿದರು.

"ನಮ್ಮತ್ತಿ ಯಾರು ಗೊತ್ತೇನು ನಿನಗ?"

"ಇಲ್ರಿ."

"ನಮ್ಮಜ್ಜಿ. ನಮ್ಮವ್ವನ ಅವ್ವ. ನಾ ಸೋದರಮಾವನ್ನ ಮಾಡಿಕೊಂಡಾಕಿ. ವಳಕಮದಿನ್ನಿ ನನಗ ಅಜ್ಜಿ ಮನೀನೂ ಹೌದು, ಗಂಡನ ಮನೀನೂ ಹೌದು."

ರಕ್ತ ಬೇರೆ ಎಂಬ ಮಾತಿಗೆ ಅವರು ಹೌದೆಂದದ್ದು ಸುಳ್ಳೆಂದು ನನಗೆ ಆಗ ಅರ್ಥವಾಯಿತು.

"ನಮ್ಮವ್ವನೂ ಅದರಾಗ ಹೋದ್ಲು. ಮೂವತ್ತಾರಕ್ಕ ಬಂತು. ಊರಿಗೆ ಕಾಮಣಿ ಬ್ಯಾನಿ ಅಂತ ಹೇಳೀವಿ. ನನ್ನ ಮಗಳಿಗೂ ಅದನ್ನ ಹೇಳೀನಿ."

"ಮತ್ತ ನರ್ಸಿಗೆ ಯಾಕ ಇಲ್ಲಂದ್ರಿ?"

"ಹಿಂದ ನಿಂತಿದ್ದ ಹಿಂದಿ ಅಕ್ಕೋರ ನಾದಿನಿ ಗೊರೇಬಾಳದಾಗ ಅದಾಳ. ಸಂಜಿಗೆ ಊರೆಲ್ಲ ಆಗತಿತ್ತು. ನನಗೊಬ್ಬ ಮಗಳು. ನನ್ನ ತಂಗಿಗೆ ಇಬ್ಬರು ಹೆಣ್ಣು. ಆ ಮನಿ ಹುಡಿಗ್ಯಾರಿಗೆ ಗಡ್ಡಿ ಬರತೈತಿ ಅಂತ ಒಂದು ಮಾತು ಹೊಂಟರ ಮುಗೀತು." ಆಮೇಲೆ, "ಇದನ್ನ ಬರಿಬ್ಯಾಡ" ಎಂದರು. ನಾನು ಅಂದು ಬಸ್ಸಿನ ಸಮಯ ಮಾತ್ರ ಬರೆದೆ.

ದಸರಾ ರಜೆಯಲ್ಲಿ ಸೀರೆ ತರುವ ನೆಪ ಹೇಳಿ ಅವರು ನನ್ನನ್ನು ರಾಯಚೂರಿಗೆ ಕರೆದುಕೊಂಡು ಹೋದರು. ಅಲ್ಲಿ ಒಬ್ಬ ಲೇಡಿ ಡಾಕ್ಟರ ಮುಂದೆ ಕೂತು ಎಲ್ಲವನ್ನೂ ಹೇಳಿದರು. ಆ ಡಾಕ್ಟರು ಹಾಳೆಯ ಮೇಲೆ ಹೆಂಗಸರಿಗೆ ದುಂಡು, ಗಂಡಸರಿಗೆ ಚೌಕ ಬರೆಯುತ್ತ ಹೋದರು. ಮೇಲೆ ವಳಕಮದಿನ್ನಿಯ ಅಜ್ಜಿ, ಕಪ್ಪು ತುಂಬಿದ ದುಂಡು. ಕೆಳಗೆ ತಾಯಿ, ಅದೂ ಕಪ್ಪು. ಅದರ ಕೆಳಗೆ ಅಕ್ಕೋರು. ಅಕ್ಕೋರಿಂದ ಗಂಡನ ಕಡೆಗೆ ಗೀಟು ಎಳೆದರೆ ಆ ಗಂಡ ಮತ್ತೆ ಅಜ್ಜಿಯ ಮಗನೇ. ಡಾಕ್ಟರು ಒರೆಸಿ ಇನ್ನೊಮ್ಮೆ ಬರೆದರು. ಗೀಟು ಮತ್ತೆ ಅಲ್ಲಿಗೇ ಹೋಯಿತು.

"ಇದೇನ್ರೀ ಅಕ್ಕೋರ, ಎತ್ತಾಗ ಎಳದರೂ ವಳಕಮದಿನ್ನಿಗೇ ಬರತೈತಿ?"

"ನಮ್ಮ ಕಡೆ ಹಂಗ ರೀ. ಕೊಟ್ಟ ಹೆಣ್ಣಿನ ಮಗಳನ್ನ ತಿರುಗಿ ತರತೀವಿ" ಎಂದು ಅಕ್ಕೋರು ನಕ್ಕರು.

ಡಾಕ್ಟರು ನಗಲಿಲ್ಲ. ಎಲ್ಲ ಹೆಂಗಸರಿಗೂ ಒಂದೇ ನಿಯಮವಿಲ್ಲ ಎಂದು ಅವರು ಬಿಡಿಸಿ ಹೇಳಿದರು. ಮನೆತನದಲ್ಲಿ ಯಾರಿಗೂ ಇಲ್ಲದವರಿಗೆ ಊರಿನ ಆರೋಗ್ಯ ಕೇಂದ್ರದ ತಪಾಸಣೆ, ನಲವತ್ತು ಐವತ್ತರ ಹೊತ್ತಿಗೆ ಡಾಕ್ಟರನ್ನು ಕೇಳಿ ಒಂದೆರಡು ವರ್ಷಕ್ಕೊಮ್ಮೆ ಮ್ಯಾಮೊಗ್ರಾಮ್. ಒಬ್ಬಿಬ್ಬರು ಹತ್ತಿರದ ಸಂಬಂಧಿಕರಿಗೆ ಬಂದಿದ್ದರೆ ಅದಕ್ಕಿಂತ ಬೇಗ. ಆದರೆ ತಾಯಿಗೆ ಎಳೆ ವಯಸ್ಸಿನಲ್ಲೇ ಬಂದಿದ್ದು, ಅಜ್ಜಿಗೂ ಬಂದಿದ್ದರೆ ಪ್ರತಿ ವರ್ಷ ಮ್ಯಾಮೊಗ್ರಾಮ್, ಜೊತೆಗೆ ಎಮ್‌ಆರ್‌ಐ. ತಂದೆಯ ಕಡೆಯದೂ ತಾಯಿಯ ಕಡೆಯಷ್ಟೇ ಲೆಕ್ಕಕ್ಕೆ ಬರುತ್ತದೆ. ಗಂಡಸರಿಗೆ ಈ ರೋಗ ಬರುವುದು ಅಪರೂಪ, ಆದರೆ ಅವರೂ ಅದರ ದೋಷವನ್ನು ಮಕ್ಕಳಿಗೆ ದಾಟಿಸಬಹುದು.

"ನಿಮ್ಮ ಮಗಳಿಗೆ ನಿಮ್ಮಿಂದನೂ ಬರಬಹುದು, ಅವರಪ್ಪನಿಂದನೂ ಬರಬಹುದು. ಬಂದ ಐತಿ ಅಂತ ಅಲ್ಲ. ನಿಮ್ಮವ್ವಗ ಮೂವತ್ತಾರಕ್ಕ ಬಂತಂದ್ರಲ್ಲ, ಅದರಾಗ ಹತ್ತು ಕಳೀರಿ. ಇಪ್ಪತ್ತಾರಕ್ಕ ಅಕಿ ನನ್ನ ಹತ್ರ ಬರಬೇಕು. ಮೊದಲ ಎಮ್‌ಆರ್‌ಐ, ಮೂವತ್ತಾದ ಮ್ಯಾಲೆ ಮ್ಯಾಮೊಗ್ರಾಮೂ ಸೇರತೈತಿ. ಅಕಿನ್ನ ಎಲ್ಲಿಗೆ ಕೊಡೋರದೀರಿ?"

"ನನ್ನ ತಮ್ಮಗ."

ಡಾಕ್ಟರ ಪೆನ್ನು ನಿಂತಿತು. ಹಾಳೆಯಲ್ಲಿ ತಮ್ಮನ ಚೌಕ ಆಗಲೇ ಇತ್ತು. "ಕೊಡಬ್ಯಾಡ್ರಿ ಅಂತ ನಾ ಹೇಳಂಗಿಲ್ಲ. ಮದಿವಿಗಿಂತ ಮುಂಚೆ ಇಬ್ಬರದೂ ರಕ್ತ ತಪಾಸಣೆ ಮಾಡಸ್ರಿ. ಇಬ್ಬರಲ್ಲೂ ಆ ದೋಷ ಇದ್ದರ ಹುಟ್ಟೋ ಮಕ್ಕಳಿಗೆ ದಾಟೋ ಸಂಭವ ಇನ್ನೂ ಹೆಚ್ಚು."

ಆ ದಿನವೇ ಅಕ್ಕೋರಿಗೆ ಮ್ಯಾಮೊಗ್ರಾಮ್ ಆಯಿತು. ಏನೂ ಇರಲಿಲ್ಲ. ಎಮ್‌ಆರ್‌ಐಗೆ ಇನ್ನೊಂದು ದಿನ ಬರುತ್ತೇನೆಂದು ಹೇಳಿದರು. ಒಂದು ಸೀರೆಯನ್ನೂ ಕೊಂಡರು, ನೆಪ ಸುಳ್ಳಾಗಬಾರದಲ್ಲ. ಹಿಂತಿರುಗುವಾಗ ಆ ಸೀರೆಯ ಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಅವರು ಮಾತಾಡಿದ್ದು ನನಗೆ ಶಬ್ದಶಃ ನೆನಪಿದೆ.

"ಹೊರಗ ಕೊಡಬೇಕಂದ್ರ ಹೇಳಬೇಕು. ಹೇಳಿದರ ಯಾರೂ ಮಾಡಿಕೊಳ್ಳಂಗಿಲ್ಲ. ಮನ್ಯಾಗ ಕೊಟ್ಟರ ಹೇಳೋ ಮಾತ ಇಲ್ಲ. ನಮ್ಮಜ್ಜಿ ಅದಕ್ಕ ನನ್ನ ತನ್ನ ಮಗನಿಗೆ ತಂದುಕೊಂಡ್ಲು ನೋಡು. ಮೊಮ್ಮಗಳ ಮ್ಯಾಲಿನ ಮೋಹ ಅಂತ ತಿಳಕೊಂಡಿದ್ದೆ ನಾ ಇಷ್ಟು ದಿನ."

ಮುಂದಿನ ಬೇಸಿಗೆಯಲ್ಲಿ ಮಗಳಿಗೆ ಭೂಮಾಪಕಿಯ ನೌಕರಿ ಆದೇಶ ಬಂತು. ಲಿಂಗಸುಗೂರು. ಅದೇ ವಾರ ಗೊರೇಬಾಳದಲ್ಲಿ ಮದುವೆಯ ಮಾತುಕತೆಗೆ ಹಿರಿಯರು ಸೇರುವುದಿತ್ತು. ಅಕ್ಕೋರು ನನ್ನನ್ನೂ ಕರೆದರು.

"ನೀ ನನ್ನ ಬಾಜೂಕ ಕುಂದ್ರು. ನನ್ನ ಬಾಯಿ ಕಟ್ಟಿತಂದ್ರ ಜೋರಾಗಿ ಚಿವುಟು."

ಅವರು ಏನು ಮಾಡಲಿದ್ದಾರೆಂದು ನನಗೆ ಗೊತ್ತಿತ್ತು. "ತಮ್ಮಗರ ಖರೆ ಹೇಳ್ರಿ" ಎಂದು ದಾರಿಯುದ್ದಕ್ಕೂ ಹೇಳಿದೆ.

"ಹೇಳಿದರ 'ಇರಲಿ ಬಿಡಕ್ಕಾ, ಬಂದದ್ದು ಬರಲಿ' ಅಂದು ಮಾಡಿಕೊಂಡ ಬಿಡತಾನ. ಅಕೀನೂ ಹಂಗ ಅಂತಾಳ. ಬೆಳಸಿದಾಕಿ ನಾ, ಇಬ್ಬರನ್ನೂ. ನನಗ ಗೊತ್ತಿಲ್ಲೇನು?"

ಪಡಸಾಲೆಯಲ್ಲಿ ಹತ್ತು ಹನ್ನೆರಡು ಜನ ಇದ್ದರು. ಮಗಳು ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದಳು. ಹಿರಿಯರೊಬ್ಬರು ತಿಂಗಳು, ವಾರ ನೋಡುವ ಮಾತು ತೆಗೆದರು. ಅಕ್ಕೋರು ಸುಮ್ಮನೆ ಕೂತೇ ಇದ್ದರು. ಚಹಾ ತಣ್ಣಗಾಯಿತು. ನಾನು ಚಿವುಟಲಿಲ್ಲ. ಮಾತು ಕಟ್ಟಲಿ ಎಂದೇ ನನಗೆ ಆಸೆಯಿತ್ತು.

"ನನ್ನ ಮಗಳು ಸರಕಾರಿ ನೌಕರಿ ಮಾಡಾಕಿ. ಹತ್ತನೇತ್ತ ಫೇಲಾಗಿ ಕೆಸರಾಗ ನಿಂತು ದುಡಿಯೋನಿಗೆ ಹ್ಯಾಂಗ ಕೊಡ್ಲಿ?" ಎಂದುಬಿಟ್ಟರು, ನೆಲ ನೋಡುತ್ತ.

ಎಲ್ಲರೂ ಒಮ್ಮೆಲೇ ಮಾತಾಡತೊಡಗಿದರು. ನೌಕರಿ ನೆತ್ತಿಗೇರೈತಿ ಎಂದರು, ತವರಿನ ಅನ್ನ ಮರೆತಾಳ ಎಂದರು. ತಮ್ಮ ಮಾತ್ರ ಮೆಲ್ಲಗೆ ಕೇಳಿದ. "ಅಕ್ಕಾ, ನಾ ಫೇಲಾದಾಗ ಓದು ಬಿಡು, ಹೊಲ ನೋಡು ಅಂದಾಕಿ ನೀನ ಅಲ್ಲೇನು?"

"ಹೌದು. ಆಗ ನನ್ನ ಮಗಳು ನೌಕರಿ ಹಿಡಿತಾಳ ಅಂತ ವಿಚಾರ ಮಾಡಿದ್ದಿಲ್ಲ."

ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದ ಮಗಳು ಒಳಗೆ ಹೋದಳು. ಅಕ್ಕೋರ ಗಂಡ ಎದ್ದು ಚಪ್ಪಲಿ ಹುಡುಕಿದರು. ವಿದ್ಯುತ್ ಇಲಾಖೆಯಲ್ಲಿ ಲೈನ್‌ಮನ್ ಆಗಿದ್ದ ಅವರು ಹೆಂಡತಿಯ ಮಾತಿಗೆ ಎಂದೂ ಎದುರಾಡಿದವರಲ್ಲ. ಅಂದೂ ಆಡಲಿಲ್ಲ.

ಆಮೇಲೂ ಕೆಲವು ದಿನ ತಮ್ಮ ಗೊರೇಬಾಳದ ಸ್ಟಾಪಿಗೆ ಚೀಲ ಹಿಡಿದು ಬಂದ. ಬಸ್ಸು ನಿಲ್ಲುತ್ತಿತ್ತು. ಅವನು ಕಿಟಕಿಯ ಕೆಳಗೆ ಬಂದು ನಿಲ್ಲುತ್ತಿದ್ದ. ಅಕ್ಕೋರು ಮುಂದಿನ ಸೀಟಿನ ಕಂಬಿಯನ್ನು ಎರಡೂ ಕೈಯಿಂದ ಹಿಡಿದು ನೇರ ನೋಡುತ್ತಿದ್ದರು. ಗಾಜು ಸರಿಸಿದರೆ ಎಲ್ಲ ಮುಗಿಯುತ್ತದೆ ಎಂಬುದು ಅವರಿಗೆ ಗೊತ್ತಿತ್ತು. ಅವನು ಬರುವುದನ್ನು ಬಿಟ್ಟ ಮೇಲೆ ಅವರು ಬಸ್ಸಿನ ಆ ಕಡೆಯ ಸಾಲಿನಲ್ಲಿ ಕೂತುಕೊಳ್ಳುವುದನ್ನೂ ಬಿಟ್ಟರು. ದೀಪಾವಳಿ ಕಳೆದು ಅವನಿಗೆ ಮಾನ್ವಿ ಕಡೆಯ ಹುಡುಗಿಯೊಂದಿಗೆ ಮದುವೆಯಾಯಿತು. ಅಕ್ಕನಿಗೆ ಕರೆಯಿರಲಿಲ್ಲ. ಆ ವರ್ಷ ಬಟಾಣಿಯ ಪಾಠವನ್ನು ಅವರು ನನಗೆ ವಹಿಸಿದರು. "ನಿನ್ನದು ಗಣಿತ ಅಲ್ಲೇನು? ಇದೂ ಗಣಿತಾನ. ಮಾಡು."

ಮಗಳು ಲಿಂಗಸುಗೂರಿನಲ್ಲಿ ಕೋಣೆ ಹಿಡಿದಳು. ತಾಯಿಯೊಂದಿಗೆ ಊಟ ಆಯಿತೇ ಎನ್ನುವಷ್ಟು ಮಾತ್ರ ಮಾತು. ಹೊರಗಿನ ಗಂಡುಗಳನ್ನು ಹುಡುಕುವ ಕೆಲಸ ಶುರುವಾಯಿತು. ರಾಯಚೂರಿಗೆ ಹೋಗಿ ಒಂದು ವರ್ಷವಾದ ಆ ದಸರೆಯಲ್ಲಿ ನಾನು ಡಾಕ್ಟರ ಮಾತು ನೆನಪಿಸಿದೆ. ಎಮ್‌ಆರ್‌ಐ ಅಂತೂ ಆಗಿರಲೇ ಇಲ್ಲ.

"ಈಗ ಬಂದಿರೋ ಗಂಡಿನ ಅಕ್ಕ ಅದ ದವಾಖಾನ್ಯಾಗ ನರ್ಸ್ ಅದಾಳ ಬೇ. ಅಕಿ ಕಣ್ಣಿಗೆ ಬಿದ್ದರ? ಇದೊಂದು ಮುಗೀಲಿ."

"ಬ್ಯಾರೆ ದವಾಖಾನಿಗೆ ಹೋಗೋಣ್ರಿ."

"ಬ್ಯಾರೆ ದವಾಖಾನ್ಯಾಗ ಬ್ಯಾರೆ ಯಾರರ ಇರತಾರ."

ಆ ಗಂಡು, ಹುಡುಗಿ ಹೊಲ ಹೊಲ ತಿರುಗಿ ಸರಪಳಿ ಎಳೆಯುವ ಕೆಲಸ ಬಿಡಬೇಕು ಎಂದ. ಇವಳು ಬಿಡುವುದಿಲ್ಲ ಎಂದಳು. ಅಲ್ಲಿಗೆ ಮುಗಿಯಿತು. ಫೆಬ್ರುವರಿಯಲ್ಲಿ ಸ್ನಾನ ಮಾಡುವಾಗ ಅಕ್ಕೋರ ಕೈಗೆ ಗಂಟು ಸಿಕ್ಕಿತು.

ಹುಬ್ಬಳ್ಳಿಯಲ್ಲಿ ಆಪರೇಷನ್ ಆಯಿತು. ಶಾಲೆಗೆ ಗರ್ಭಚೀಲ ತೆಗೆಸಿದರು ಎಂದು ತಿಳಿಸಿದರು. ನಮ್ಮ ಕಡೆ ಹಾಗೆಂದರೆ ಯಾರೂ ಎರಡನೇ ಪ್ರಶ್ನೆ ಕೇಳುವುದಿಲ್ಲ. ಮಗಳಿಗೆ ರೋಗದ ಹೆಸರು ಗೊತ್ತಾಗದೆ ಇರುವಂತಿರಲಿಲ್ಲ. ಆದರೆ ಆಕೆಯನ್ನು ಡಾಕ್ಟರ ಕೋಣೆಯೊಳಗೆ ಒಮ್ಮೆಯೂ ಬಿಡಲಿಲ್ಲ. ರೋಗ ಬಂದವರ ರಕ್ತದಿಂದಲೇ ಆ ವಂಶದ ತಪಾಸಣೆ ಶುರು ಮಾಡಿದರೆ ಉಳಿದವರಿಗೆ ಖಚಿತವಾಗಿ ಹೇಳಬಹುದು ಎಂದು ಡಾಕ್ಟರು ಎರಡು ಸಲ ಕೇಳಿಕೊಂಡರಂತೆ. ಅಕ್ಕೋರು ಒಪ್ಪಲಿಲ್ಲ. "ಆ ಕಾಗದ ನಮ್ಮ ಮನಿಗೆ ಬರಬಾರದು" ಎಂದರು.

ಮರುವರ್ಷ, ಅವರ ಕೊನೆಯ ಬೇಸಿಗೆಯಲ್ಲಿ, ನಾನು ಅವರ ಸಿಂಧನೂರಿನ ಮನೆಗೆ ಹೋಗಿದ್ದೆ. ಮಧ್ಯಾಹ್ನ. ತಲೆಗೆ ಟವೆಲ್ ಸುತ್ತಿಕೊಂಡು ಗೋಡೆಗೆ ಒರಗಿದ್ದರು. ಪಕ್ಕದ ಮನೆಯವಳು ಮಜ್ಜಿಗೆ ಕೊಟ್ಟು ಹೋಗುವವರೆಗೆ ಶಾಲೆಯ ಸುದ್ದಿ ಕೇಳಿದರು. ಆಮೇಲೆ ಧ್ವನಿ ತಗ್ಗಿಸಿದರು.

"ನೀ ತಾರೀಖು ಮರಿಯಂಗಿಲ್ಲ. ಅದಕ್ಕ ನಿನಗ ಹೇಳಾಕತ್ತೀನಿ. ಅಕಿಗೆ ಇಪ್ಪತ್ತಾರು ತುಂಬಿದ ದಿನ ಎಲ್ಲಾ ಹೇಳು. ಒಂದಿನ ಮುಂಚೆ ಬ್ಯಾಡ."

"ಈಗ ನೀವ ಹೇಳ್ರಿ ಅಕ್ಕೋರ. ಅಕಿಗೆ ನಿಮ್ಮ ಮ್ಯಾಲಿನ ಸಿಟ್ಟೂ ಹೋಗತೈತಿ."

"ಅಷ್ಟರಾಗ ಅಕಿ ಮದಿವಿ ಆಗಿರತೈತಿ. ಗಂಡನ ಮನಿ ಸೇರಿದ ಮ್ಯಾಲೆ ಗೊತ್ತಾದರ ಯಾರು ತಿರುಗಿ ಕಳಸತಾರ?"

"ಕಳಸೋರೂ ಅದಾರ್ರಿ."

ಅವರು ಲೋಟದ ಮಜ್ಜಿಗೆಯ ಮೇಲೆ ಕುಳಿತ ನೊಣವನ್ನು ಓಡಿಸುತ್ತ ಕೂತರು. ಮೂರು ವಾರಕ್ಕೆ ತೀರಿಕೊಂಡರು. ತಮ್ಮನೂ ಮಣ್ಣಿಗೆ ಬಂದಿದ್ದ. ದೂರ, ಬೇವಿನ ಮರದ ಹತ್ತಿರ ನಿಂತು ಹೋದ.

ಹೀಗೆ ಒಂದು ದಿನಾಂಕವನ್ನು ಹೊತ್ತುಕೊಂಡು ನಾನು ವರ್ಷಕ್ಕೂ ಹೆಚ್ಚು ಕಾಲ ಅದೇ ಬಸ್ಸಿನಲ್ಲಿ ಓಡಾಡಿದೆ. ಮುಂಚೆಯೇ ಹೇಳಿದರೆ ಸತ್ತವರ ಮಾತು ಮುರಿದಂತೆ. ತಡವಾದರೆ ಬದುಕಿರುವವಳ ಜೀವ. ಹುಡುಗಿಗೆ ಗಂಡು ಬಂದ ಸುದ್ದಿ ಕೇಳಿದಾಗಲೆಲ್ಲ ಇದು ಆಗಲಿ ಎಂದುಕೊಳ್ಳಬೇಕೋ ಬೇಡವೆಂದುಕೊಳ್ಳಬೇಕೋ ತಿಳಿಯುತ್ತಿರಲಿಲ್ಲ. ಯಾವುದೂ ಆಗಲಿಲ್ಲ. ಈ ಆಗಸ್ಟ್‌ನಲ್ಲಿ ಅವಳಿಗೆ ಇಪ್ಪತ್ತಾರು ತುಂಬಿತು. ಭಾನುವಾರ. ನಾನು ಮಸ್ಕಿ ದಾಟಿ ಲಿಂಗಸುಗೂರಿಗೆ ಹೋದೆ.

ಅವಳ ಕೋಣೆಯಲ್ಲಿ ಒಂದು ಮಂಚ, ಒಂದು ಸ್ಟೂಲು. ಬಿಸಿಲಿಗೆ ಕಪ್ಪಾಗಿದ್ದಳು. ನಾನು ವಳಕಮದಿನ್ನಿಯ ಅಜ್ಜಿಯಿಂದ ಶುರು ಮಾಡಿ ಅವಳವರೆಗೆ ಹೇಳಿದೆ. ಕಾಮಣಿಯ ಸುಳ್ಳು, ರಾಯಚೂರಿನ ಡಾಕ್ಟರ ಮಾತು, ಗೊರೇಬಾಳದ ಪಡಸಾಲೆ, ಹುಬ್ಬಳ್ಳಿಯಲ್ಲಿ ಕೊಡದೆ ಉಳಿದ ರಕ್ತ. ಅವಳು ನಡುವೆ ಒಮ್ಮೆಯೂ ತಡೆಯಲಿಲ್ಲ. ಮುಗಿದ ಮೇಲೆ ಅತ್ತಾಳು ಎಂದುಕೊಂಡಿದ್ದೆ. ಅವಳು ಸಿಟ್ಟಿಗೆದ್ದಳು.

"ಎಲ್ಲಾರ ಸಲುವಾಗಿ ತಾನ ಒಬ್ಬಾಕಿ ವಿಚಾರ ಮಾಡಿಬಿಟ್ಲೇನಕ್ಕಾ? ನನಗ ಕೇಳಿದ್ರ ಏನಾಗತಿತ್ತು? ನಾನೂ ಮಾಮಾನೂ ಕೂಡಿ ಹೋಗಿ ರಕ್ತ ತೋರಿಸತಿದ್ವಿ. ಬ್ಯಾಡ ಅಂದ್ರ ನಾವ ಬಿಡತಿದ್ವಿ. ನಾನರ ಕೈ ಹಿಡಕೊಂಡು ವರ್ಷ ವರ್ಷ ರಾಯಚೂರಿಗೆ ಎಳಕೊಂಡು ಹೋಗತಿದ್ದೆ ಅಕಿನ್ನ. ಇವತ್ತ ಇರತಿದ್ಲು."

ಅವಳು ಎದ್ದು ಮುಖ ತೊಳೆದುಕೊಂಡು ಬಂದಳು.

"ಈಗ ಅವ್ವನ ರಕ್ತ ಇಲ್ಲ. ಮತ್ತ ಯಾರಿಂದ ಶುರು ಮಾಡೋದು?"

"ನಿನ್ನಿಂದನ ಮಾಡತಾರ. ನಿಮ್ಮಪ್ಪಂದು, ನಿಮ್ಮ ಮಾಮಾಂದು ಸಿಕ್ಕರ ಇನ್ನೂ ಚೊಲೊ. ಏನ ಬಂದರೂ ನಿನ್ನ ಎಮ್‌ಆರ್‌ಐ ಮಾತ್ರ ಬಿಡಂಗಿಲ್ಲ."

ಮಾಮಾ ಎಂಬ ಮಾತಿಗೆ ಅವಳು ಮಂಚದ ಮೇಲಿದ್ದ ಫೋನಿನ ಕಡೆ ನೋಡಿದಳು. ಮೂರು ವರ್ಷದಿಂದ ಅವರಿಬ್ಬರ ನಡುವೆ ಮಾತಿರಲಿಲ್ಲ. ಆಮೇಲೆ ಫೋನ್ ತೆಗೆದು, ನಂಬರು ಹುಡುಕದೆಯೇ ಒತ್ತಿ, ನನಗೂ ಕೇಳಲಿ ಎಂದು ಸ್ಪೀಕರಿಗೆ ಹಾಕಿದಳು.

"ಯಾರು?" ಎಂದ ಆ ಕಡೆಯಿಂದ. ಹೆಸರು ಹೇಳಿದಳು. ಆ ಕಡೆ ಕೂಸಿನ ಗದ್ದಲವಷ್ಟೇ ಕೇಳುತ್ತಿತ್ತು.

"ಮಾಮಾ, ರಾಯಚೂರಿಗೆ ಬರತೀಯೇನು? ರಕ್ತ ಕೊಡೋದೈತಿ."

"ಏನಾತವಾ ನಿನಗ? ಎಲ್ಲಿದ್ದೀ? ಎಷ್ಟು ಬಾಟ್ಲಿ ಬೇಕಂತ?" ಅವನು ಆಗಲೇ ಎದ್ದಿದ್ದನೆಂದು ಕಾಣುತ್ತದೆ, ಬೈಕಿನ ಕೀಲಿ ಸದ್ದಾಯಿತು. "ನಾ ಈಗ ಹೊಂಡತೀನಿ. ನನ್ನ ಮಗಳು ಒಬ್ಬಾಕಿ ಕೊಳ್ಳು ಬಿಡವಲ್ಲಳು ನೋಡು, ಥೇಟ್ ನಮ್ಮಕ್ಕನಂಗ ಹಟಮಾರಿ ಹುಟ್ಯಾಳ."

ಹುಡುಗಿ ನನ್ನ ಕಡೆ ನೋಡಿದಳು. ನಾನು ಕಣ್ಣು ತಗ್ಗಿಸಿದೆ. ಅವಳು ಸ್ಪೀಕರ್ ತೆಗೆದು ಫೋನನ್ನು ಕಿವಿಗೆ ಹಿಡಿದಳು.

"ಮಾಮಾ, ಅವಸರ ಮಾಡಬ್ಯಾಡ. ಮೊದಲ ಕೂಸಿನ್ನ ಅವರವ್ವನ ಕೈಯಾಗ ಕೊಡು. ಕೊಟ್ಟು ಹೊರಗ ಬಂದು ಕುಂದ್ರು. ನಾ ಎಲ್ಲಾ ಹೇಳತೀನಿ."